ಬೆನ್ವೆನೂತಿ ಮನೆಯ ಬಾಗಿಲು

ಮರ್ರಾದಿ, ಮಾರ್ಚ್ 1954

ಪ್ರೀತಿಯ ಅಮ್ಮ,

ನಾನು ಕ್ಷೇಮವಾಗಿ ತಲುಪಿದೆ. ನೀನು ಹೆದರಿದ ಹಾಗೆ ಏನೂ ಆಗಲಿಲ್ಲ.

ಬಾಗಿಲು ತೆರೆದವರು ನೆಲ್ಲೋನ ಅಪ್ಪ, ಎಜಿಸ್ತೋ. ದಾರಿಯುದ್ದಕ್ಕೂ ಕಲಿತ ಮಾತೆಲ್ಲ ಮರೆತುಹೋಗಿ, "ನಾನು ಎರ್ಸಿಲಿಯಾ. ನಿಮ್ಮ ನೆಲ್ಲೋ ಬೆಲ್ಜಿಯಂ ಗಣಿಗೆ ಹೋದ ಮೇಲೆ ಗೊತ್ತಾಯ್ತು. ಅವನ ಮಗು ನನ್ನ ಹೊಟ್ಟೇಲಿದೆ" ಎಂದುಬಿಟ್ಟೆ. ಅವರು ಬಾಗಿಲ ಮೇಲೆ ಕೆತ್ತಿದ್ದ ಮನೆತನದ ಹೆಸರನ್ನು ತೋರಿಸಿ, "ಓದಮ್ಮ" ಎಂದರು.

"ಬೆನ್ವೆನೂತಿ" ಎಂದು ಓದಿದೆ.

"ಹಿಂದೆ ನಮ್ಮ ವಂಶದಲ್ಲಿ ಒಬ್ಬಳಿಗೆ ಹುಟ್ಟಿದ ಮಕ್ಕಳೆಲ್ಲ ತೀರಿಹೋಗ್ತಿದ್ವಂತೆ. ಕೊನೆಗೆ ಒಂದು ಉಳೀತು. ಅದಕ್ಕೆ ಬೆನ್ವೆನೂತೋ ಅಂತ ಹೆಸರಿಟ್ಟಳು. ನೀನು ಬಂದಿದ್ದು ಒಳ್ಳೇದಾಯ್ತು ಕಂದ, ಅಂತ ಅರ್ಥ. ನಾವೆಲ್ಲ ಅವನ ವಂಶದೋರು, ಅದಕ್ಕೇ ಬೆನ್ವೆನೂತಿ. ಈ ಹೆಸರಿಟ್ಕೊಂಡು ಬಸುರಿಯನ್ನ ಹೊರಗೆ ನಿಲ್ಲಿಸೋಕಾಗುತ್ತಾ?"

"ಹೊರಗೇ ನಿಲ್ಲಿಸಿದೀರಲ್ಲ," ಎಂದು ಒಳಗಿನಿಂದ ನೆಲ್ಲೋನ ಅಮ್ಮ ಕೂಗಿದರು. "ಪುರಾಣ ಆಮೇಲೆ ಹೇಳಿ. ಹುಡುಗಿ ನಡುಗ್ತಿದ್ದಾಳೆ."

ಅಮ್ಮ, ಅಲ್ಲಿಯವರೆಗೆ ತಡೆದಿದ್ದ ಅಳು ಆಗ ಬಂತು. ಅವರು ನನ್ನನ್ನು ಒಲೆಯ ಪಕ್ಕ ಕೂರಿಸಿ, ಕಡಲೆಕಾಳಿನ ಬಿಸಿ ಸಾರು ಕೊಟ್ಟರು. ಮರುದಿನವೇ ನೆಲ್ಲೋಗೆ ತಂತಿ ಕಳಿಸಿದರು. ಈಸ್ಟರ್ ಹೊತ್ತಿಗೆ ಬಂದು ಮದುವೆಯಾಗುತ್ತೇನೆಂದು ಅವನ ಉತ್ತರವೂ ಬಂದಿದೆ.

ಅಪ್ಪನಿಗೆ ನೀನೇ ಹೇಳು, ಊಟವಾದ ಮೇಲೆ ಹೇಳು. ಸಿಟ್ಟಾದರೆ, ಬೀಗರು ಮದುವೆಗೆ ಕರೆದಿದ್ದಾರೆ ಎನ್ನು. ಬರುವಾಗ ನನ್ನ ಉಣ್ಣೆಯ ಶಾಲು ತನ್ನಿ. ತೊಟ್ಟಿಲು ಮಾತ್ರ ಬೇಡ. ನೆಲ್ಲೋ ಮಲಗಿದ್ದ ತೊಟ್ಟಿಲನ್ನು ಮಾವ ಆಗಲೇ ಅಟ್ಟದಿಂದ ಇಳಿಸಿ, ಅಂಗಳದಲ್ಲಿ ಕೂತು ಉಜ್ಜುತ್ತಿದ್ದಾರೆ.

ನಿನ್ನ ಮಗಳು,
ಎರ್ಸಿಲಿಯಾ