ಹಾಜರಿಯಲ್ಲಿ ತೌಡಮ್ಮ ಎಂದು ಕೂಗಿಸಿ

ಭಾಗಮಂಡಲದ ಹತ್ತಿರ, ಜೂನ್ ೧೯೫೪

ಮಾನ್ಯ ಶಾಲಾ ಇನ್ಸ್‌ಪೆಕ್ಟರ್ ಸಾಹೇಬರೇ,

ಸಂಜೆ ಆರೂವರೆ ಗಂಟೆ. ಬೆಳಿಗ್ಗೆ ಗದ್ದೆಗೆ ನೀರು ತಿರುಗಿಸಿದೆ. ಆಮೇಲೆ ಹೆಸರಿರುವ ಮೊಮ್ಮಗಳನ್ನು ಶಾಲೆಗೆ ಸೇರಿಸಲು ಕರೆದುಕೊಂಡು ಹೋದೆ, ಹೆಸರಿಲ್ಲದವಳನ್ನು ಮನೆಗೆ ಕರೆತಂದೆ. ಬೇರೆ ದಿನವಾಗಿದ್ದರೆ ದಿನಚರಿಯಲ್ಲಿ ಇಷ್ಟು ಬರೆದು ದೀಪ ಹಚ್ಚಲು ಏಳುತ್ತಿದ್ದೆ. ಇವತ್ತು ಏಳಲಾಗಲಿಲ್ಲ. ನಾಲ್ಕನೇ ಕ್ಲಾಸು ಓದಿದವನು ಇನ್ಸ್‌ಪೆಕ್ಟರರಿಗೆ ಪತ್ರ ಬರೆಯುವುದು, ಅದನ್ನು ಪತ್ರಿಕೆಗೂ ಕೊಡುವುದು ಅಧಿಕಪ್ರಸಂಗ ಎಂದು ಗೊತ್ತು. ಮುಖಾಮುಖಿ ಮಾತಾಡಿ ನಾನು ಎಷ್ಟು ಕೆಡಿಸಿದೆ ಎಂಬುದನ್ನು ತಾವೇ ಕಂಡಿದ್ದೀರಿ. ಆದ್ದರಿಂದ ಪೆನ್ನು ಹಿಡಿದಿದ್ದೇನೆ.

ತಾವು ತಪಾಸಣೆಗೆ ಬಂದ ದಿನವೇ ನಾನು ಮಗುವನ್ನು ಕರೆತಂದದ್ದು ನನ್ನ ಗ್ರಹಚಾರ. ಹೆಸರೇನು ಎಂದಿರಿ. ಅದು ನನ್ನ ತೀರಿಹೋದ ಹೆಂಡತಿಯ ಹೆಸರು. ನಮ್ಮಲ್ಲಿ ಗಂಡ ಹೆಂಡತಿ ಒಬ್ಬರ ಹೆಸರನ್ನೊಬ್ಬರು ಬಾಯಲ್ಲಿ ಹೇಳುವ ಪದ್ಧತಿಯಿಲ್ಲ. ಹಾಗೆಂದು ನೇರವಾಗಿ ತಿಳಿಸಿದ್ದರೆ ತಾವು ಮಗುವನ್ನೇ ಕೇಳಿ ಬರೆಸುತ್ತಿದ್ದಿರಿ. ನಾನು ಬುದ್ಧಿವಂತಿಕೆ ತೋರಿಸಲು ಹೋದೆ.

"ಅದೇ ಸ್ವಾಮಿ, ಹಸುಗೆ ಕಲಸಿ ಇಡ್ತೇವಲ್ಲ" ಎಂದೆ.

"ಹುಲ್ಲೇ?" ಎಂದಿರಿ.

"ಅಲ್ಲ ಸ್ವಾಮಿ, ಭತ್ತ ಕುಟ್ಟಿದಾಗ ಬರ್ತದೆ."

"ಹೊಟ್ಟಾ ಪದ್ಮಯ್ಯ?" ಎಂದರು ಮೇಷ್ಟ್ರು.

"ಹತ್ರ ಬಂದಿರಿ ಮೇಷ್ಟ್ರೇ. ಅದಕ್ಕಿಂತ ನುಣ್ಣಗೆ."

ಬೆಂಚಿನ ಮಕ್ಕಳಿಗೆ ಅಂಥ ಒಗಟು ಯಾವ ಪಾಠದಲ್ಲೂ ಸಿಕ್ಕಿರಲಿಲ್ಲ. ಹಿಂಡಿ, ಹುರುಳಿ, ನುಚ್ಚು ಎಂದು ಹಿಂದಿನಿಂದ ಕೂಗತೊಡಗಿದವು. ತಾವು ಮೇಜು ಕುಟ್ಟಿ, "ಏನಯ್ಯಾ, ಮಗುವಿನ ಹೆಸರು ಕೇಳಿದರೆ ದನದ ಮೇವು ಹೇಳುತ್ತೀಯಲ್ಲ!" ಎಂದಿರಿ. ಆಗ ನನ್ನ ಪಂಚೆ ಹಿಡಿದು ನಿಂತಿದ್ದ ಮೊಮ್ಮಗಳು ಮುಂದೆ ಬಂದು, "ತೌಡಮ್ಮ. ನನ್ನ ಹೆಸ್ರ್ ತೌಡಮ್ಮ. ಅಜ್ಜಂಗೆ ಹೇಳಿಕೆ ಗೊತ್ತಿಲ್ಲೆ" ಎಂದಳು. ಇಡೀ ಶಾಲೆ ನಕ್ಕಿತು. ತಾವೂ ನಕ್ಕಿರಿ. ನಿಜ ಹೇಳುತ್ತೇನೆ, ಅಲ್ಲಿದ್ದವನು ನಾನಲ್ಲದಿದ್ದರೆ ನಾನೂ ನಗುತ್ತಿದ್ದೆ.

ಆಮೇಲೆ ತಾವು, "ಸ್ವರಾಜ್ಯ ಬಂದ ಮೇಲೂ ಇಂಥ ಹೆಸರೇ? ಈ ಮಗು ನಾಳೆ ತಲೆಯೆತ್ತಿ ನಡೆಯುವುದು ಬೇಡವೇ? ವಿಮಲಾ ಎಂದಿಡು, ಪ್ರಭಾವತಿ ಎಂದಿಡು. ಮುಂದಿನ ತಿಂಗಳು ಬರುತ್ತೇನೆ, ಅಲ್ಲಿಯವರೆಗೆ ಹೆಸರಿನ ಜಾಗ ಖಾಲಿ ಇರಲಿ" ಎಂದು ಅಪ್ಪಣೆ ಕೊಟ್ಟು ಜೀಪು ಹತ್ತಿದಿರಿ. ಮಗುವಿನ ಮೇಲಿನ ಕಾಳಜಿಯಿಂದಲೇ ಹೇಳಿದಿರಿ, ಅನುಮಾನವಿಲ್ಲ. ಆದರೆ ಹೆಸರನ್ನು ದನದ ಕೊಟ್ಟಿಗೆಯಲ್ಲಿ ಕಟ್ಟಿ ತಮಗೆ ತೋರಿಸಿದವನು ನಾನು. ಅದು ಹುಟ್ಟಿದ ಜಾಗ ಬೇರೆ.

ನನ್ನ ಅತ್ತೆಗೆ ಮೂರು ಮಕ್ಕಳು ತೊಟ್ಟಿಲಲ್ಲೇ ಹೋಗಿದ್ದವು. ನಾಲ್ಕನೆಯವಳಾಗಿ ನನ್ನ ಹೆಂಡತಿ ಹುಟ್ಟಿದಾಗ ಯಾರೂ ಸಂತೋಷ ಪಡಲಿಲ್ಲ, ಹೆದರಿಕೊಂಡರು. ಅವರ ಗದ್ದೆ ಕೆಲಸಕ್ಕೆ ಬರುತ್ತಿದ್ದ ಬೆಳ್ಳಿ ಎಂಬ ಹೆಂಗಸು ಒಂದು ಮೊರ ತೌಡು ತಂದು ಹೊಸ್ತಿಲಲ್ಲಿ ಸುರಿದು, ಅದೇ ಮೊರದಲ್ಲಿ ಕೂಸನ್ನು ಮಲಗಿಸಿಕೊಂಡು, ಊರಿಗೆಲ್ಲ ಕೇಳುವಂತೆ, "ಈ ಕೂಸು ನಂದ್. ತೌಡು ಕೊಟ್ಟ್ ತಕ್ಕೊಂಡೆ" ಎಂದು ಕೂಗಿದಳಂತೆ. ಅಂಗಳ ದಾಟಿ ನಾಲ್ಕು ಹೆಜ್ಜೆ ಹೋಗಿ ತಿರುಗಿ ಬಂದು, "ನಂಗೆ ಹಾಲಿಲ್ಲೆ ಅಮ್ಮಾ, ನೀವೇ ಸಾಕಿ ಕೊಡಿ" ಎಂದು ತಾಯಿಯ ಮಡಿಲಿಗೇ ಹಾಕಿದಳಂತೆ. ಆ ಮನೆಯ ಮಗುವನ್ನು ಹುಡುಕಿಕೊಂಡು ಬರುವ ಸಾವಿಗೆ ಅಲ್ಲಿ ಆ ಮನೆಯ ಮಗುವೇ ಇಲ್ಲ. ಇರುವುದು ಬೆಳ್ಳಿಯ ಮಗು, ಅದೂ ಒಂದು ಮೊರ ತೌಡಿನ ಬೆಲೆಯದು. ಅಷ್ಟಕ್ಕೆ ಯಾರು ಕೈ ಚಾಚುತ್ತಾರೆ? ಬೆಳ್ಳಿ ಮಾತ್ರ ಹಬ್ಬಕ್ಕೊಮ್ಮೆ ಬಂದು, "ನನ್ನ ಕೂಸ್ ಹೆಂಗುಟ್ಟು? ಸಪೂರ ಆಗುಟ್ಟು, ಸರಿಯಾಗಿ ಸಾಕ್ತಿಲ್ವಾ?" ಎಂದು ಹೆತ್ತ ತಾಯಿಯನ್ನೇ ಗದರಿಸಿ, ಊಟ ಮಾಡಿಕೊಂಡು ಹೋಗುತ್ತಿದ್ದಳಂತೆ.

ಹಾಗೆ ಬಂದ ಹೆಸರು ಅದು. ತಿಪ್ಪಯ್ಯ, ಕಲ್ಲಪ್ಪ, ಗುಂಡಪ್ಪ ಎಂದು ಸಾವಿನ ಕಣ್ಣು ತಪ್ಪಿಸಲು ಇಟ್ಟ ಹೆಸರುಗಳು ನಾಡಿನಲ್ಲಿ ಬೇಕಾದಷ್ಟಿವೆ. ತೌಡಮ್ಮ ಎಂಬವಳನ್ನು ಮಾತ್ರ ಭಾಗಮಂಡಲದಿಂದ ಮಡಿಕೇರಿಯವರೆಗೆ ನಾನು ಇನ್ನೊಬ್ಬಳನ್ನು ಕಂಡಿಲ್ಲ. ಮದುವೆಯ ದಿನ ನನ್ನ ಗೆಳೆಯರು, "ಪದ್ಮಯ್ಯಾ, ಹೆಂಡ್ತಿನ ಕೊಟ್ಟಿಗೆ ಹತ್ರ ಬಿಡ್ಬೇಡ, ಹಸು ಬಿಟ್ಟೀತಾ?" ಎಂದು ಕಾಡಿದ್ದರು. ಅದಕ್ಕೆ ಅವಳೇ ಸೆರಗಿನ ಮರೆಯಿಂದ, "ತಾವರೆನ ಬಿಟ್ಟ ಹಸು ತೌಡು ತಿಂದ್ರೆ ತಪ್ಪೆಂತ?" ಎಂದಳು. ಪದ್ಮ ಎಂದರೆ ತಾವರೆ ತಾನೇ? ನನ್ನ ಮುಖ ನೋಡಿ ಯಾವ ದುಂಬಿಯೂ ಈವರೆಗೆ ಮೋಸಹೋಗಿಲ್ಲ. ಸಾಹೇಬರೇ, ಸುಂದರವಾದ ಹೆಸರು ಮನುಷ್ಯನಿಗೆ ಏನು ಮಾಡುತ್ತದೆ ಎಂಬುದಕ್ಕೆ ಮೊಣಕಾಲುದ್ದ ಕೆಸರು ಮೆತ್ತಿಕೊಂಡು ಬಂದ ನನ್ನನ್ನೇ ನೋಡಬಹುದಿತ್ತು. ಅವಳದು ಹಾಗಲ್ಲ. ಅರುವತ್ತರ ಹತ್ತಿರದವರೆಗೆ ಅವಳನ್ನು ಕಾಯ್ದಿತು. ತಮ್ಮ ವಿಮಲಾ ಅಷ್ಟು ಕೆಲಸ ಮಾಡುತ್ತಾಳೆಯೇ?

ನಮ್ಮ ಕೊಡಗು ರಾಜ್ಯದ ಮೊದಲ ಚುನಾವಣೆಯಲ್ಲಿ ನಾವಿಬ್ಬರೂ ಮತ ಹಾಕಲು ಹೋಗಿದ್ದೆವು. ಅಧಿಕಾರಿ ಇವಳ ಹೆಸರು ಕೇಳಿದರು. ನಾನು ಎಂದಿನಂತೆ ಕೆಮ್ಮಿದೆ. ಅವಳು ನನ್ನನ್ನು ಪಕ್ಕಕ್ಕೆ ಸರಿಸಿ, "ತೌಡಮ್ಮ" ಎಂದು ಹೇಳಿ ಬೆರಳು ಚಾಚಿದಳು. ಮಡಿಕೇರಿಯಲ್ಲಿ ಮಂತ್ರಿಗಳನ್ನು ಕೂರಿಸಲು ಸಾಕಾದ ಹೆಸರು ಒಂದನೇ ಕ್ಲಾಸಿನಲ್ಲಿ ಒಂದು ಮಗುವನ್ನು ಕೂರಿಸಲು ಸಾಲದೇ?

ಮೊಮ್ಮಗಳು ಹುಟ್ಟಿದಾಗ ಹೆಸರು ನನ್ನದೇ ಇರಲಿ ಎಂದು ಹಟ ಹಿಡಿದವಳೂ ಅವಳೇ. ನಾವೆಲ್ಲ ಬೆಚ್ಚಿಬಿದ್ದೆವು. ನಾನು ಆ ಹೆಸರು ಹೇಳುವಂತಿಲ್ಲ. ಮಗ ಬೋಜಪ್ಪ ಹೆತ್ತ ತಾಯಿಯ ಹೆಸರು ಹಿಡಿದು ಕರೆಯಲಾರ. ಸೊಸೆ ಯಮುನ ಅತ್ತೆಯ ಹೆಸರೆತ್ತಿದರೆ ಊರು ಸುಮ್ಮನಿರದು. ಇಡೀ ಮನೆಯಲ್ಲಿ ಯಾರೂ ಕರೆಯಲಾಗದ ಹೆಸರನ್ನು ಇಟ್ಟು ಏನು ಮಾಡುವುದು ಎಂದು ಹೆಂಡತಿಯನ್ನೇ ಕೇಳಿದೆ. ಅವಳು ಹೇಳಿದಳು, "ಈ ಮನೆಗೆ ಬಂದ ಮೇಲೆ ನನ್ನ ಹೆಸ್ರ್ ನನ್ನ ಕಿವಿಗೇ ಬಿದ್ದಿಲ್ಲೆ. ಇನ್ನಾದ್ರೂ ಬೀಳ್ಲಿ. ನಾನೇ ಕರೀತೆ."

ಕರೆದಳು ಕೂಡ. ಬೆಳಗಾದರೆ ಅಂಗಳದಲ್ಲಿ ನಿಂತು, "ಏ ತೌಡಮ್ಮಾ, ಕೋಳಿ ಭತ್ತ ತಿಂತುಟ್ಟು, ಓಡ್ಸು!" ಎಂದು ಕೂಗುವಳು. ಕೋಳಿ ಇಲ್ಲದಿದ್ದರೂ ಕೂಗುವಳು. ನಾವು ಮೂವರೂ ಮಗುವನ್ನು ಕೂಸು, ಪುಟ್ಟಿ ಎನ್ನುತ್ತಿದ್ದೆವು. ಹೆಸರು ಅವಳ ದನಿಯಲ್ಲಿ ಮಾತ್ರ ಇತ್ತು.

ಹೋದ ವರ್ಷ ಕಕ್ಕಡ ತಿಂಗಳ ಜಡಿಮಳೆಯಲ್ಲಿ ಜ್ವರ ಬಂದು ಅವಳು ತೀರಿಕೊಂಡಳು. ಆಮೇಲೆ ನಮ್ಮ ಅಂಗಳದಲ್ಲಿ ಆ ಹೆಸರು ಕೇಳಿಸಿಲ್ಲ. ಒಂದು ದಿನ ಮೊಮ್ಮಗಳು, "ಅಜ್ಜಾ, ಅಜ್ಜಿ ನನ್ನ ಹೆಸ್ರ್‌ನೂ ತಕ್ಕೊಂಡ್ ಹೋದ್ಲಾ?" ಎಂದು ಕೇಳಿದಳು. ಸತ್ತವರ ಹೆಸರು ಹೇಳಿದರೆ ಯಾರಿಗೆ ಏನು ಕೆಡುಕು ಎಂದು ಧೈರ್ಯ ಮಾಡಿ, ಯಾರೂ ಇಲ್ಲದಾಗ ಗದ್ದೆಯ ಬದುವಿನಲ್ಲಿ ನಿಂತು ಹೇಳಿ ನೋಡಿದೆ. ಕೆಮ್ಮು ಬಂತು. ಪಕ್ಕದ ಗದ್ದೆಯ ಧರ್ಮಪಾಲ ಎಲ್ಲಿದ್ದನೋ, "ಎಂತ ಪದ್ಮಣ್ಣಾ, ಗಂಟ್ಲಲಿ ಮೀನ್ ಮುಳ್ಳು ಸಿಕ್ಕಿತಾ?" ಎಂದ. ಹೌದು ಎಂದೆ. ಬೆಳಿಗ್ಗೆ ತಿಂದದ್ದು ಬರೀ ಗಂಜಿ. ಬಾಯಿಗೆ ಕಟ್ಟಳೆ ಮಾಡಿದ ಹಿರಿಯರಿಗೆ ಅಕ್ಷರ ಬರುತ್ತಿರಲಿಲ್ಲ. ಹಾಗಾಗಿ ಪೆನ್ನಿಗೆ ಮಾತ್ರ ತಡೆಯಿಲ್ಲ.

ಅದಕ್ಕೇ ಈ ಜೂನಿಗಾಗಿ ಕಾದಿದ್ದೆ. ಶಾಲೆಯಲ್ಲಿ ದಿನಾ ಹಾಜರಿ ಕೂಗುತ್ತಾರೆ. ಮೇಷ್ಟ್ರಿಗೆ ಅವಳು ಹೆಂಡತಿಯಲ್ಲ, ತಾಯಿಯಲ್ಲ, ಅತ್ತೆಯಲ್ಲ. ಅವರು ಗಟ್ಟಿಯಾಗಿ ಕರೆಯಬಹುದು. ಮಗುವನ್ನು ಬಿಟ್ಟು ಬರುವ ನೆಪದಲ್ಲಿ ಕಿಟಕಿಯ ಹೊರಗೆ ಸ್ವಲ್ಪ ನಿಲ್ಲುವುದು ಎಂದುಕೊಂಡಿದ್ದೆ. ಇಷ್ಟೇ ನನ್ನ ಸ್ವಾರ್ಥ. ತಾವು ಖಾಲಿ ಬಿಡಿಸಿದ್ದು ಆ ಜಾಗವನ್ನು.

ಆದ್ದರಿಂದ ಕೇಳುವುದು ಒಂದೇ. ಮುಂದಿನ ತಿಂಗಳವರೆಗೆ ಕಾಯಿಸದೆ, ಅಲ್ಲಿ ತೌಡಮ್ಮ ಎಂದು ಬರೆಯಲು ಮೇಷ್ಟ್ರಿಗೆ ಅಪ್ಪಣೆ ಕಳಿಸಿ. ಮಗು ದೊಡ್ಡವಳಾಗಿ, ಈ ಹೆಸರು ಬೇಡ ಎನಿಸಿದರೆ ಅವಳೇ ಬದಲಿಸಿಕೊಳ್ಳಲಿ. ಇವತ್ತು ಇಡೀ ಶಾಲೆಯ ಎದುರು ತಲೆಯೆತ್ತಿ ಅದನ್ನು ಹೇಳಿದವಳು ಅವಳೊಬ್ಬಳೇ. ತಲೆ ತಗ್ಗಿಸಿ ನಿಂತವನು ನಾನು.

ಇಂತಿ,
ಹೆಂಡತಿಯ ಹೆಸರನ್ನು ಊರಿಗೆಲ್ಲ ಬರೆದು ತಿಳಿಸಿ, ಇನ್ನೂ ಒಮ್ಮೆಯೂ ಹೇಳದ
ತೌಡಮ್ಮನ ಗಂಡ ಪದ್ಮಯ್ಯ

ನಾಳೆ ಹತ್ತು ಗಂಟೆಗೆ ಹಾಜರಿ. ಮೊಮ್ಮಗಳ ಸರದಿ ಬಂದಾಗ ಮೇಷ್ಟ್ರು "ಹೊಸ ಹುಡುಗಿ" ಎಂದು ಕರೆಯುತ್ತಾರೆ.