ಯಾವ ಸಾಕು?

ಘೋಡಗೇರಿ, ೧೪ ಮೇ ೧೯೩೮, ಶನಿವಾರ

ಸಿಟ್ಟಿಗೆ ಅಕ್ಷರವೂ ನೆಟ್ಟಗೆ ಬರುತ್ತಿಲ್ಲ. ಇವತ್ತು ತಮ್ಮನ ಮೂರನೆಯ ಮಗಳಿಗೆ ಹೆಸರಿಟ್ಟೆವು. ಸೋದರತ್ತೆಯಾದ ನಾನೇ ಕೂಸಿನ ಕಿವಿಯಲ್ಲಿ ಹೆಸರು ಕೂಗಬೇಕು. ಅವ್ವ ಹೇಳಿಕೊಟ್ಟ ಹೆಸರು ಸಾಕವ್ವ. ಹೆಣ್ಣು ಇನ್ನು ಸಾಕು ಎಂದು ದೇವರಿಗೆ ತಿಳಿಸುವ ಹೆಸರದು, ಊರಿಗೆಲ್ಲ ಗೊತ್ತು.

"ಕೂಸಿಗೆ ಇಂಥಾ ಹೆಸರ ಯಾಕ?" ಎಂದೆ.

ಬಂದವರ ಮುಂದೆ ಅವ್ವನ ನಾಲಿಗೆ ಹೊರಳಿತು: "ಸಾಕೂದು, ಸಲಹೂದು ಅಂತ ಅರ್ಥ ಐತಿ. ಸಾಲಿ ಕಲ್ತಾಕಿ, ಇಷ್ಟೂ ತಿಳೀಲಿಲ್ಲೇನ?"

ಎಂಥ ಹಸಿ ಸುಳ್ಳು! ಮೈಯೆಲ್ಲ ಉರಿಯಿತು.

ಅತ್ತೆಯ ಎದುರು ಎಂದೂ ಬಾಯಿ ತೆರೆಯದ ತಮ್ಮನ ಹೆಂಡತಿ, ಬಾಣಂತಿ ಕಾಶೆವ್ವ ಆಗ ಅಂದಳು: "ಅದ ಹೆಸರ ಇಡ್ರಿ ಅಕ್ಕಾರ. ಸಾಕು ಅಂದ್ರ ಸಾಕು. ಇನ್ನ ನಾ ಹಡಿಯಾಂಗಿಲ್ಲ."

ಅವ್ವ ಗಡಿಬಿಡಿಯಲ್ಲಿ ಬೇರೆ ಹೆಸರು ಹುಡುಕತೊಡಗಿದಳು. ನಾನು ತೊಟ್ಟಿಲಿಗೆ ಬಗ್ಗಿ, ಮನೆಯೆಲ್ಲ ಕೇಳುವಂತೆ ಸಾಕವ್ವ ಎಂದು ಕೂಗಿಬಿಟ್ಟೆ. ಕೂಸಿಗಿಂತ ಅವ್ವನೇ ಹೆಚ್ಚು ಬೆಚ್ಚಿದಳು.