ಬೆಕ್ಕಿನ ಮೂಲಕ ಸಂಭಾಷಣೆ

ಕಸ್ತೋರಿಯಾ, ಫೆಬ್ರವರಿ 1979

ಅಮ್ಮಾ,

ಇಲ್ಲಿ ಸರೋವರ ಹೆಪ್ಪುಗಟ್ಟಿದೆ. ಬಾತುಕೋಳಿಗಳು ಅದರ ಮೇಲೆ ನಡೆದುಕೊಂಡೇ ಹೋಗುತ್ತವೆ. ನಮ್ಮ ದ್ವೀಪದಲ್ಲಿ ಹೇಳಿದರೆ ಯಾರೂ ನಂಬಲಿಕ್ಕಿಲ್ಲ.

"ನಿಮ್ಮ ಸಿನಿಮಾದಲ್ಲಿ ಯಾರೂ ಬಾಯೇ ಬಿಡಲ್ಲ, ಮತ್ತೆ ನೀನು ಬರೆಯೋದಾದ್ರೂ ಏನೇ?" ಎಂದು ಕೇಳುತ್ತಿದ್ದೆಯಲ್ಲ, ಈಗ ಹೇಳುತ್ತೇನೆ. ಮಾತು ಬಿಟ್ಟ ಮುದಿ ಗಂಡ ಹೆಂಡತಿಗೆಂದು ನಾಲ್ಕು ಪುಟ ಜಗಳ ಬರೆದಿದ್ದೆ. ನಿರ್ದೇಶಕ ಥ್ರಾಸೋಸ್ ಅಷ್ಟಕ್ಕೂ ಗೀಟು ಎಳೆದರು. "ಇಷ್ಟೊಂದು ಮಾತಾಡೋರಾಗಿದ್ರೆ ಅವರು ಯಾವಾಗ್ಲೋ ರಾಜಿ ಆಗಿರ್ತಿದ್ರಮ್ಮ. ನಾಳೆ ಬೇರೆ ಏನಾದ್ರೂ ಕೊಡು, ಇಲ್ಲಾಂದ್ರೆ ಈ ದೃಶ್ಯಾನೇ ಬಿಟ್ಬಿಡ್ತೀನಿ" ಎಂದರು.

ಸಿಟ್ಟು ನೆತ್ತಿಗೇರಿತು. ಪೆಟ್ಟಿಗೆ ಕಟ್ಟಲು ಹೊರಟವಳಿಗೆ ನೀನು ನೆನಪಾದೆ. ಅಪ್ಪ ನಿನ್ನನ್ನು ಕೇಳದೆ ದೋಣಿ ಮಾರಿದಾಗಿನಿಂದ ನಮ್ಮ ಬೆಕ್ಕು ಮರೀಕಾ ಮೂಲಕವೇ ತಾನೇ ನೀನು ಅವರೊಂದಿಗೆ ಮಾತಾಡುವುದು? ನಿನ್ನ ಮಾತನ್ನೇ ಬರೆದುಕೊಟ್ಟೆ, ಬೆಕ್ಕಿನ ಹೆಸರನ್ನೂ ಬದಲಿಸಲಿಲ್ಲ: "ಮರೀಕಾ, ಆ ಮನುಷ್ಯನಿಗೆ ಹೇಳು, ಸೂಪು ಆರ್ತಾ ಇದೆ."

ಇವತ್ತು ಚಿತ್ರೀಕರಣವಾಯಿತು. ಹೆಂಡತಿ ಅಷ್ಟು ಹೇಳಿದಳು. ಗಂಡನ ಪಾತ್ರದ ಮುದುಕ ಬೆಕ್ಕಿನ ಕಡೆ ತಿರುಗಿ, ನಾನು ಬರೆಯದ ಮಾತೊಂದನ್ನು ತಾನೇ ಸೇರಿಸಿದ: "ಮರೀಕಾ, ಅವಳ್ದು ಊಟ ಆಯ್ತಾ ಕೇಳು." ಥ್ರಾಸೋಸ್ ಕಟ್ ಹೇಳುವುದನ್ನೇ ಮರೆತರು. ಇಡೀ ಸಿನಿಮಾದಲ್ಲಿ ಈಗ ಉಳಿದಿರುವುದು ಇವೆರಡೇ ಮಾತು. ಆದರೂ ಸಂಭಾಷಣೆ ಎಂದು ನನ್ನ ಹೆಸರೇ ಬರುತ್ತದೆ, ಬೇಜಾರು ಮಾಡಿಕೊಳ್ಳಬೇಡ.

ಕೆಮ್ಮು ವಾಸಿಯಾಗಿದೆ. ನೀನು ಹೆಣೆದ ಕಾಲುಚೀಲಗಳನ್ನು ಎರಡೆರಡು ಜೊತೆ ಒಟ್ಟಿಗೇ ಹಾಕಿಕೊಳ್ಳುತ್ತಿದ್ದೇನೆ.

ಕಾಗದದಲ್ಲಿ ಜಾಗ ಮುಗಿಯಿತು. ಇದನ್ನು ಮರೀಕಾಗೆ ಗಟ್ಟಿಯಾಗಿ ಓದಿ ಹೇಳು, ಅಪ್ಪ ಮನೆಯಲ್ಲಿರುವಾಗ.

ನಿನ್ನ ಮಿರ್ಸಿನಿ